ತಮ್ಮನಿಗೆ ಲೆಕ್ಕ ಕೊಡುವ ಅಕ್ಕ

ಪ್ರಶ್ನೆ: ನನ್ನ 9 ವರ್ಷದ ಮಗನಿಗೆ ಆಟಿಸಂ ಇದೆ. ಅವನ ಅಕ್ಕನಿಗೆ 13. ತಮ್ಮನನ್ನು ಅರ್ಥ ಮಾಡಿಕೊಳ್ಳಲಿ ಅಂತ ನೆಂಟರೊಬ್ಬರು 'ದ ಕ್ಯೂರಿಯಸ್ ಇನ್ಸಿಡೆಂಟ್ ಆಫ್ ದ ಡಾಗ್ ಇನ್ ದ ನೈಟ್‌ಟೈಮ್' ಕಾದಂಬರಿ ತಂದುಕೊಟ್ಟರು. ಓದಿ ಮುಗಿಸಿದವಳು ಈಗ ತಮ್ಮನನ್ನು ಕೂರಿಸಿಕೊಂಡು ದೊಡ್ಡ ದೊಡ್ಡ ಲೆಕ್ಕ ಕೊಡುತ್ತಾಳೆ! ಅವನಿಗೆ ಲೆಕ್ಕ ಅಂದರೆ ಅಷ್ಟಕ್ಕಷ್ಟೆ. ಬೇರೆ ಪುಸ್ತಕ ಹೇಳ್ತೀರಾ?
– ಒಬ್ಬ ತಾಯಿ, ಶಿವಮೊಗ್ಗ

ಉತ್ತರ: ನಗು ಬಂತು, ಆದರೆ ತಪ್ಪು ಹುಡುಗಿಯದಲ್ಲ. ಮಾರ್ಕ್ ಹ್ಯಾಡನ್ ಅವರ ಆ ಕಾದಂಬರಿ 2003ರದು. ಪಕ್ಕದ ಮನೆಯ ನಾಯಿಯನ್ನು ಕೊಂದವರು ಯಾರು ಅಂತ ಹುಡುಕಲು ಹೊರಡುವ 15 ವರ್ಷದ ಕ್ರಿಸ್ಟೋಫರ್‌ಗೆ ಗಣಿತ ಅಂದರೆ ಪ್ರಾಣ, ಅಧ್ಯಾಯಗಳಿಗೂ ಅವನು 2, 3, 5, 7 ಅಂತ ಅವಿಭಾಜ್ಯ ಸಂಖ್ಯೆಗಳನ್ನೇ ಹಾಕುತ್ತಾನೆ. ಕಥೆ ಚೆನ್ನಾಗಿದೆ, ನಾನೂ ಒಂದೇ ಉಸಿರಿಗೆ ಓದಿದ್ದೆ. ಆದರೆ ಕಥೆಯೊಳಗೆ ಅವನ ಸ್ಥಿತಿಗೆ ಹೆಸರೇ ಇಲ್ಲ. ತಾನು ಈ ವಿಷಯದ ತಜ್ಞನಲ್ಲ ಅಂತ ಹ್ಯಾಡನ್ ಅವರೇ ಹೇಳಿದ್ದಾರೆ. ಅದು ಒಬ್ಬ ಹುಡುಗನ ಕಥೆ, ಅಷ್ಟೆ. ಅದನ್ನು ಎಲ್ಲ ಮಕ್ಕಳ ಕೈಪಿಡಿ ಮಾಡಿಕೊಂಡವರು ನಾವು.

ಮಗಳಿಗೆ ಎಲ್ ಮ್ಯಾಕ್‌ನಿಕೋಲ್ ಅವರ 'ಎ ಕೈಂಡ್ ಆಫ್ ಸ್ಪಾರ್ಕ್' (2020) ಕೊಡಿ. ಬರೆದವರಿಗೇ ಆಟಿಸಂ ಇದೆ, ಅದು ಪುಟಪುಟದಲ್ಲೂ ಗೊತ್ತಾಗುತ್ತದೆ. ಸ್ಕಾಟ್ಲೆಂಡಿನ ಒಂದು ಹಳ್ಳಿಯಲ್ಲಿ ಹಿಂದೆ ಮಾಟಗಾತಿಯರು ಅಂತ ಹೆಂಗಸರನ್ನು ಕೊಂದಿದ್ದರು. ಅವರಿಗೊಂದು ಸ್ಮಾರಕ ಬೇಕು ಅಂತ ಆಟಿಸಂ ಇರುವ 11 ವರ್ಷದ ಆ್ಯಡಿ ಇಡೀ ಊರಿಗೆ ಎದುರು ನಿಲ್ಲುತ್ತಾಳೆ. ಬೇರೆ ಥರ ಇದ್ದರು ಅನ್ನೋದಕ್ಕೇ ಅವರನ್ನು ಕೊಂದರು ಅಂತ ಅವಳಿಗೆ ಬೇಗ ಹೊಳೆಯುತ್ತದೆ, ಯಾಕೆಂದರೆ ತರಗತಿಯಲ್ಲಿ ಅವಳ ಟೀಚರ್ ಅವಳನ್ನು ನೋಡುವ ರೀತಿಯೂ ಹಾಗೇ ಇದೆ. ನಿಮ್ಮ ಮನೆಗೆ ಇದು ಬೇಕು ಅನ್ನಲು ಇನ್ನೊಂದು ಕಾರಣ ಇದೆ. ಆ್ಯಡಿಗೆ ಇಬ್ಬರು ಅಕ್ಕಂದಿರು, ಅವಳಿಜವಳಿ. ಕೀಡಿಗೂ ಆಟಿಸಂ ಇದೆ, ನೀನಾಗೆ ಇಲ್ಲ. ಪ್ರೀತಿ ಇದ್ದೂ ತಂಗಿಯ ವಿಷಯದಲ್ಲಿ ಎಡವುವ ನೀನಾಳಲ್ಲಿ ನಿಮ್ಮ ಮಗಳು ತನ್ನನ್ನೇ ಕಂಡಾಳು.

ನೀವು ಓದಲು ನವೋಕಿ ಹಿಗಾಶಿದ ಅವರ 'ದ ರೀಸನ್ ಐ ಜಂಪ್'. ಜಪಾನಿನ ಈ ಹುಡುಗ 13ನೇ ವಯಸ್ಸಿನಲ್ಲಿ ಬರೆದದ್ದು, 2013ರಲ್ಲಿ ಇಂಗ್ಲಿಷಿಗೆ ಬಂತು. ಕೇಳಿದ್ದನ್ನೇ ಯಾಕೆ ಕೇಳ್ತೀಯ, ಕಣ್ಣು ನೋಡಿ ಯಾಕೆ ಮಾತಾಡಲ್ಲ, ಹೀಗೆ ಇದೂ ನಮ್ಮ ಅಂಕಣದ ಥರ ಪ್ರಶ್ನೋತ್ತರವೇ. ಹಲಗೆಯ ಮೇಲಿನ ಅಕ್ಷರಗಳನ್ನು ಅವನು ಒಂದೊಂದಾಗಿ ತೋರಿಸಿ, ಜೊತೆಗಿದ್ದವರು ಬರೆದುಕೊಂಡದ್ದಾದ್ದರಿಂದ ಎಷ್ಟು ಮಾತು ಅವನದೇ ಅಂತ ಕೆಲವು ತಜ್ಞರು ಅನುಮಾನ ಪಡುತ್ತಾರೆ. ಅದನ್ನು ತಲೆಯಲ್ಲಿಟ್ಟುಕೊಂಡೇ ಓದಿ.

ಅಂದ ಹಾಗೆ, ಮಗನಿಗೆ ಏನು ಇಷ್ಟ ಇಲ್ಲ ಅಂತ ಬರೆದಿದ್ದೀರಿ. ಏನು ಇಷ್ಟ ಅಂತ ಬರೆದೇ ಇಲ್ಲವಲ್ಲ? ಮುಂದಿನ ಕಾಗದದಲ್ಲಿ ತಿಳಿಸಿ, ಅದರ ಮೇಲೂ ಪುಸ್ತಕ ಹುಡುಕೋಣ.