ಡ್ರಮ್ ಓದಲು ಬರುತ್ತೆ, ಮರಿಂಬಾದ ಸ್ವರ ಓದಲು ಬರ್ತಿಲ್ಲ. ಹೇಗೆ ಕಲಿಯಲಿ?

ನಿಮ್ಮ ತೊಂದರೆ ನನಗೆ ಅರ್ಥವಾಯಿತು. ಸ್ನೇರ್ ಡ್ರಮ್ ನುಡಿಸಿ ಲಯ ಓದುವುದು ಸಲೀಸಾಗಿದೆ. ಈಗ ಮರಿಂಬಾ, ಸೈಲೋಫೋನ್‌ಗೆ, ಅಂದರೆ ಸಾಲಾಗಿ ಜೋಡಿಸಿದ ಮರದ ಪಟ್ಟಿಗಳನ್ನು ಕೋಲಿನಿಂದ ಹೊಡೆದು ನುಡಿಸುವ ವಾದ್ಯಗಳಿಗೆ ಬಂದಮೇಲೆ ಹಾಳೆಯ ಪ್ರತಿ ಸ್ವರದ ಮೇಲೂ ಸಿ, ಡಿ, ಇ ಅಂತ ಬರೆದುಕೊಳ್ಳುತ್ತಿದ್ದೀರಿ. ಹಾಳೆ ನೋಡಿದರೆ ಪಟ್ಟಿ ತಪ್ಪುತ್ತದೆ, ಪಟ್ಟಿ ನೋಡಿದರೆ ಹಾಳೆಯಲ್ಲಿ ಜಾಗ ತಪ್ಪುತ್ತದೆ. ನಾಲ್ಕು ಮ್ಯಾಲೆಟ್ (ತುದಿಯಲ್ಲಿ ಉಂಡೆಯಿರುವ ಕೋಲು) ಯಾವಾಗ ಹಿಡಿಯಲಿ ಅಂತಲೂ ಕೇಳಿದ್ದೀರಿ.

ನಾನೂ ಡ್ರಮ್‌ನಿಂದಲೇ ಬಂದವನು. ಮೊದಲ ಒಂದು ವರ್ಷ ಹಾಳೆ ತುಂಬಾ ಪೆನ್ಸಿಲ್ ಅಕ್ಷರ. ಒಂದು ದಿನ ಗುರುಗಳು ಅಷ್ಟನ್ನೂ ಅಳಿಸಿ ನುಡಿಸು ಅಂದರು. ತಿಂಗಳಿಂದ ನುಡಿಸುತ್ತಿದ್ದ ಹಾಡಿನ ನಾಲ್ಕನೇ ಸ್ವರದಲ್ಲೇ ನಿಂತುಬಿಟ್ಟೆ. ಅಕ್ಷರ ಬರೆದಿದ್ದರೆ ಕಣ್ಣು ಅದನ್ನೇ ಓದುತ್ತದೆ, ಕೆಳಗಿನ ಸ್ವರವನ್ನು ನೋಡುವುದೇ ಇಲ್ಲ. ಹಾಗಾಗಿ ಇವತ್ತೇ ಬರೆಯುವುದನ್ನು ನಿಲ್ಲಿಸಿ.

ಎಲ್ಲಾ ಸ್ವರವನ್ನೂ ಒಟ್ಟಿಗೆ ಬಾಯಿಪಾಠ ಮಾಡಬೇಡಿ. ಮೂರು ಗುರುತು ಸಾಕು. ಕ್ಲೆಫ್ ಅಂದರೆ ಐದು ಗೆರೆಗಳ ಶುರುವಿನಲ್ಲಿ ಬರೆಯುವ ಚಿಹ್ನೆ; ಮೇಲಿನ ಸ್ವರಗಳಿಗೆ ಟ್ರೆಬಲ್, ಕೆಳಗಿನವಕ್ಕೆ ಬಾಸ್. ಟ್ರೆಬಲ್ ಕ್ಲೆಫ್‌ನ ಸುರುಳಿ ಸುತ್ತುವ ಗೆರೆ, ಅಂದರೆ ಕೆಳಗಿನಿಂದ ಎರಡನೆಯದು, ಜಿ. ಬಾಸ್ ಕ್ಲೆಫ್‌ನ ಎರಡು ಚುಕ್ಕಿಗಳ ನಡುವಿನ ಗೆರೆ ಎಫ್. ಎರಡೂ ಕ್ಲೆಫ್‌ಗಳ ಮಧ್ಯೆ ಚಿಕ್ಕ ಗೆರೆ ಮೇಲೆ ಕೂರುವುದು ಮಿಡಲ್ ಸಿ. ಉಳಿದದ್ದನ್ನು ಅಂತರ ನೋಡಿ ಓದಿ. ಗೆರೆಯಿಂದ ಪಕ್ಕದ ಖಾಲಿ ಜಾಗಕ್ಕೆ ಹೋದರೆ ಪಕ್ಕದ ಸ್ವರ. ಗೆರೆಯಿಂದ ಮುಂದಿನ ಗೆರೆಗೆ ಹೋದರೆ ಮಧ್ಯೆ ಒಂದು ಬಿಟ್ಟ ಸ್ವರ. ಓದಲು ಬಂದಮೇಲೆ ಯಾರೂ ಪ್ರತಿ ಪದಕ್ಕೂ ಕಾಗುಣಿತ ಹೇಳಿಕೊಳ್ಳುವುದಿಲ್ಲ, ಅಲ್ವಾ? ಇದೂ ಹಾಗೇ.

ಇನ್ನು ಕಣ್ಣಿನ ವಿಷಯ. ನಿಜವಾದ ಕಷ್ಟ ಇಲ್ಲೇ ಇರುವುದು. ಪಿಯಾನೋದವರ ಬೆರಳು ಕೀಗಳನ್ನು ಮುಟ್ಟಿಕೊಂಡೇ ಇರುತ್ತದೆ. ನಮ್ಮದು ಗಾಳಿಯಲ್ಲಿರುವ ಕೋಲು, ಏಟು ಬೀಳುವವರೆಗೂ ಎಲ್ಲಿದ್ದೇವೆ ಅಂತ ಕೈಗೆ ಗೊತ್ತಾಗುವುದಿಲ್ಲ. ಅದಕ್ಕೇ ಸ್ಟ್ಯಾಂಡನ್ನು ಆದಷ್ಟು ಕೆಳಗೆ, ವಾದ್ಯಕ್ಕೆ ಹತ್ತಿರ, ನೀವು ನುಡಿಸುವ ಭಾಗದ ಎದುರಿಗೇ ಇಡಿ. ಹಾಳೆ ಓದುವಾಗಲೂ ಪಟ್ಟಿಗಳು ಕಣ್ಣಂಚಿನಲ್ಲಿ ಕಾಣುತ್ತಿರಬೇಕು. ವಾದ್ಯದ ಹಿಂದಿನ ಸಾಲಿನ ಪಟ್ಟಿಗಳು ಎರಡು, ಮೂರರ ಗುಂಪಿನಲ್ಲಿರುತ್ತವೆ. ಎರಡರ ಗುಂಪಿನ ಎಡಕ್ಕೆ ಸಿ, ಮೂರರ ಗುಂಪಿನ ಎಡಕ್ಕೆ ಎಫ್. ದೊಡ್ಡ ಜಿಗಿತ ಬಂದಾಗ ಮಾತ್ರ ಕೆಳಗೆ ನೋಡಿ. ಆ ಜಾಗದಲ್ಲಿ ಒಂದು ಪುಟ್ಟ ಕಣ್ಣಿನ ಚಿತ್ರ ಬರೆದುಕೊಳ್ಳಿ. ನಾನು ಈಗಲೂ ಬರೆದುಕೊಳ್ಳುತ್ತೇನೆ.

ಸದ್ಯಕ್ಕೆ ಒಂದೇ ವಾದ್ಯದಲ್ಲಿ ಓದು ಕಲಿಯಿರಿ. ಮರಿಂಬಾದ ಪಟ್ಟಿಗಳು ಕೆಳಸ್ವರದ ಕಡೆ ಅಗಲ, ಮೇಲೆ ಹೋದಂತೆ ಕಿರಿದು. ಸೈಲೋಫೋನ್‌ನಲ್ಲಿ ಕೈಗೆ ರೂಢಿಯಾದ ದೂರ ಇಲ್ಲಿ ಕೆಲಸಕ್ಕೆ ಬರುವುದಿಲ್ಲ. ಸ್ವರ ಬೇರೆ ಎತ್ತರದಲ್ಲಿ ಕೇಳಿಸಿದರೆ ಪಿಯಾನೋ ಜೊತೆ ಹೋಲಿಸಿ ಗಾಬರಿಯಾಗಲೂಬೇಡಿ. ಮರಿಂಬಾ, ವೈಬ್ರಫೋನ್ (ಲೋಹದ ಪಟ್ಟಿಗಳ ವಾದ್ಯ) ಸಾಮಾನ್ಯವಾಗಿ ಬರೆದ ಎತ್ತರದಲ್ಲೇ ಕೇಳಿಸುತ್ತವೆ. ಸೈಲೋಫೋನ್ ಒಂದು ಆಕ್ಟೇವ್ (ಒಂದು ಸಿಯಿಂದ ಮುಂದಿನ ಸಿವರೆಗಿನ ಅಂತರ) ಮೇಲೆ, ಚಿಕ್ಕ ಲೋಹದ ಪಟ್ಟಿಗಳ ಗ್ಲಾಕನ್‌ಸ್ಪೀಲ್ ಎರಡು ಆಕ್ಟೇವ್ ಮೇಲೆ.

ಡ್ರಮ್ ಕೈಗೆ ಎರಡು ಮಾತು. ಸ್ನೇರ್‌ನಲ್ಲಿ ಕೋಲು ಪುಟಿಸಿ ಮಾಡುವ ರೋಲ್ (ಬಿಡದೆ ಹೊಡೆದು ನಾದ ಎಳೆಯುವುದು) ಇಲ್ಲಿ ಬೇಡ. ಎಡ, ಬಲ ಒಂದೊಂದೇ ಏಟು. ಮರಿಂಬಾದ ಕೆಳಸ್ವರ ಜಾಸ್ತಿ ಹೊತ್ತು ಮೊಳಗುವುದರಿಂದ ಅಲ್ಲಿ ರೋಲ್ ನಿಧಾನವಾಗಿದ್ದರೇ ಚೆಂದ. ಪಟ್ಟಿಯೊಳಗೆ ದಾರ ಹಾದುಹೋಗುವ ಕಡೆ ಹೊಡೆಯಬೇಡಿ, ನಾದ ಸತ್ತುಹೋಗುತ್ತದೆ. ಗ್ಲಾಕನ್‌ಸ್ಪೀಲ್‌ನ ಹಿತ್ತಾಳೆ ಮ್ಯಾಲೆಟ್ಟನ್ನು ಮರದ ಪಟ್ಟಿಗೆ ತಾಗಿಸಲೇಬೇಡಿ, ಗುಂಡಿ ಬೀಳುತ್ತದೆ.

ದಿನಕ್ಕೆ ಹತ್ತು ನಿಮಿಷ ಹೊಸ ಹಾಳೆ ಓದಿ. ಕೊಳಲು ಅಥವಾ ಪಿಟೀಲು ಕಲಿಯುವವರ ಮೊದಲ ಪುಸ್ತಕದ ಸುಲಭ ಹಾಡುಗಳು ಸಾಕು. ಮೆಟ್ರೊನೋಮ್ (ತಾಳ ಕೊಡುವ ಯಂತ್ರ) ನಿಧಾನಕ್ಕಿಟ್ಟು, ತಪ್ಪಾದರೂ ನಿಲ್ಲದೆ ಕೊನೆವರೆಗೂ ಹೋಗಿ. ಎರಡು ಸಲ ಆದಮೇಲೆ ಹಾಳೆ ಬದಲಿಸಿ. ಮೂರನೇ ಸಲಕ್ಕೆ ಕೈ ನೆನಪಿನಿಂದ ನುಡಿಸಲು ಶುರುಮಾಡುತ್ತದೆ, ಆಮೇಲೆ ಅದು ಓದಲ್ಲ.

ನಾಲ್ಕು ಮ್ಯಾಲೆಟ್‌ಗೆ ಅವಸರ ಬೇಡ. ಸುಮ್ನೆ ಹಿಡಿದು ಬೆರಳಿಗೆ ಅಭ್ಯಾಸ ಮಾಡಿಸಿ, ಅದಕ್ಕೆ ಅಡ್ಡಿಯಿಲ್ಲ. ಆದರೆ ಹಾಳೆ ಮುಂದಿಟ್ಟಾಗ, ಎರಡೇ ಕೋಲಿನಲ್ಲಿ ಹೊಸ ಹಾಡೊಂದನ್ನು ನಿಲ್ಲದೆ ಓದಲು ಬರುವವರೆಗೆ, ಎರಡೇ ಇರಲಿ.