ಅಪ್ಪ-ಅಮ್ಮನ ಜೊತೆ ಇದ್ದರೆ ಸ್ವಾವಲಂಬಿ ಅಲ್ವಾ?

ನಿಮ್ಮ ಪ್ರಶ್ನೆ ಇಷ್ಟು: ವಯಸ್ಸು 26, ಮಂಗಳೂರಿನಲ್ಲಿ ಕೆಲಸ, ಸುರತ್ಕಲ್‌ನಲ್ಲಿ ಅಪ್ಪ-ಅಮ್ಮನ ಜೊತೆ ವಾಸ. ಬೆಂಗಳೂರಿನ ಗೆಳೆಯರು, ಮನೆ ಬಿಟ್ಟು ಬರುವ ತನಕ ನೀನು ಸ್ವಾವಲಂಬಿ ಅಲ್ಲ ಅನ್ನುತ್ತಾರೆ. ದೇಶ ಎಲ್ಲವನ್ನೂ ತಾನೇ ತಯಾರಿಸಿಕೊಳ್ಳಬೇಕು ಅನ್ನುವುದೂ ಇದೇ ಥರದ ಮಾತಾ ಅಂತಲೂ ಕೇಳಿದ್ದೀರಿ.

ನಾನು ಉಡುಪಿಯವಳು. ನನ್ನ ಪ್ರಕಾರ ಮನೆ ಬಿಡುವುದಕ್ಕೂ ಸ್ವಾವಲಂಬನೆಗೂ ದೊಡ್ಡ ಸಂಬಂಧ ಏನಿಲ್ಲ. ಪಿಜಿಯಲ್ಲಿದ್ದುಕೊಂಡು ತಿಂಗಳ ಕೊನೆಗೆ ಅಪ್ಪನ ಹತ್ತಿರ ದುಡ್ಡು ಹಾಕಿಸಿಕೊಳ್ಳುವವರೂ ಬೇಕಾದಷ್ಟು ಜನ ಇದ್ದಾರೆ. ನಾನು ನೋಡುವುದು ಒಂದೇ. ನೀವು ನೆಚ್ಚಿಕೊಂಡವರು ನಾಳೆ ಕೈಬಿಟ್ಟರೆ ಎಷ್ಟು ದಿನ ನಿಲ್ಲುತ್ತೀರಿ? ಯಾರನ್ನೂ ನೆಚ್ಚದೆ ಬದುಕಲು ಆಗುವುದೇ ಇಲ್ಲ. ಆದರೆ ಒಬ್ಬರನ್ನೇ ನೆಚ್ಚಿಕೊಂಡು, ಅವರು ಹೇಳಿದ್ದಕ್ಕೆಲ್ಲ ತಲೆಯಾಡಿಸಬೇಕಾದ ಸ್ಥಿತಿ ಬಂತಲ್ಲ, ಅಲ್ಲಿಗೆ ಮುಗಿಯಿತು.

ನಮ್ಮ ಕರಾವಳಿಯ ಕೊಕ್ಕೋ (ಚಾಕೊಲೇಟ್ ಮಾಡುವ ಬೀಜದ ಬೆಳೆ) ಕಥೆ ನಿಮ್ಮ ಮನೆಯ ಹಿರಿಯರಿಗೆ ಗೊತ್ತಿರಬಹುದು. 1970ರ ದಶಕದಲ್ಲಿ ಪುತ್ತೂರು, ಸುಳ್ಯ ಕಡೆ ಅಡಿಕೆ ತೋಟದ ನಡುವೆ ಕೊಕ್ಕೋ ಗಿಡ ಹಾಕಿದರು. ಅಡಿಕೆ ಮರದ ನೆರಳು ಸಾಕು, ಅಡಿಕೆಗೆ ಬಿಡುವ ನೀರೇ ಸಾಕು, ಬೇರೆ ಜಾಗವೂ ಬೇಡ. ಕೊಳ್ಳುವವರು ಮಾತ್ರ ಬೆರಳೆಣಿಕೆಯ ಖಾಸಗಿ ಕಂಪನಿಗಳು. 1980ರ ಹೊತ್ತಿಗೆ ಹೊರದೇಶದ ಮಾರುಕಟ್ಟೆಯಲ್ಲಿ ರೇಟು ಬಿತ್ತು. ಕಂಪನಿಗಳು ಹಿಂದೆ ಸರಿದವು. ಅಡಿಕೆಯಾದರೆ ಒಣಗಿಸಿ ಇಟ್ಟು ರೇಟು ಬರಲಿ ಅಂತ ಕಾಯಬಹುದು. ಕೊಕ್ಕೋ ಹಾಗಲ್ಲ. ಕಾಯಿ ಒಡೆದ ಮೇಲೆ ಹಸಿ ಬೀಜವನ್ನು ಹುಳಿ ಬರಿಸಿ ಒಣಗಿಸಬೇಕು, ನಮ್ಮ ಮಳೆಗಾಲದಲ್ಲಿ ಅದು ಎಲ್ಲಿ ಒಣಗಬೇಕು? ಮನೆಯಲ್ಲಿ ತಿಂದು ಮುಗಿಸುವ ವಸ್ತುವೂ ಅಲ್ಲ. ಬೆಳೆ ನಮ್ಮದು, ಜಾಗ ನಮ್ಮದು, ಬೆವರು ನಮ್ಮದು, ಆದರೂ ಬೇರೆಯವರ ಒಂದು ತೀರ್ಮಾನಕ್ಕೆ ಇಡೀ ಊರು ಕಂಗಾಲಾಯಿತು.

ಆಗ ಖರೀದಿಗೆ ಇಳಿದದ್ದು ಕ್ಯಾಂಪ್ಕೋ. 1973ರಲ್ಲಿ ಅಡಿಕೆ ಬೆಳೆಗಾರರಿಗಾಗಿ ಮಂಗಳೂರಿನಲ್ಲಿ ಹುಟ್ಟಿದ ಸಹಕಾರಿ ಸಂಸ್ಥೆ ಅದು, ವಾರಣಾಶಿ ಸುಬ್ರಾಯ ಭಟ್ಟರು ಕಟ್ಟಿದ್ದು. ಬರೀ ಬೀಜ ಕೊಂಡು ಮಾರಿದ್ದರೆ ಮತ್ತೆ ಅದೇ ಕಂಪನಿಗಳ ಬಾಗಿಲಿಗೆ ಹೋಗಬೇಕಿತ್ತು. ಹಾಗಾಗಿ 1986ರಲ್ಲಿ ಪುತ್ತೂರಿನಲ್ಲಿ ಸ್ವಂತ ಚಾಕೊಲೇಟ್ ಕಾರ್ಖಾನೆಯೇ ಶುರುವಾಯಿತು. ರೈತರ ಸಂಸ್ಥೆ ಚಾಕೊಲೇಟ್ ಮಾಡುತ್ತದೆ ಅಂದರೆ ಆಗಿನ ಕಾಲಕ್ಕೆ ಸಣ್ಣ ಮಾತಲ್ಲ ಮಾರಾಯ್ರೆ, ನನಗೆ ಈಗಲೂ ಅದರ ಬಗ್ಗೆ ಹೆಮ್ಮೆ. ಇಲ್ಲಿ ಯಾವ ರೈತನೂ ಒಂಟಿಯಾಗಿ ಗೆಲ್ಲಲಿಲ್ಲ. ಪರಸ್ಪರ ನೆಚ್ಚಿಕೊಂಡದ್ದರಿಂದಲೇ ಹೊರಗಿನವರ ಮುಂದೆ ತಲೆ ಎತ್ತಿ ನಿಂತರು. 1925ರಲ್ಲಿ ಉಡುಪಿಯಲ್ಲಿ ನೇಕಾರರಿಗೆ ನೆರವಾಗಲೆಂದು ಶುರುವಾದ ಸಿಂಡಿಕೇಟ್ ಬ್ಯಾಂಕ್, 1928ರಲ್ಲಿ ದಿನಕ್ಕೆ ಎರಡಾಣೆಯ ಪಿಗ್ಮಿ ಉಳಿತಾಯ ತಂದದ್ದೂ ಇದೇ ದಾರಿ. ಬಡವರ ಚಿಲ್ಲರೆ ಸೇರಿ ಬಡವರಿಗೇ ಸಾಲವಾಯಿತು.

ಇನ್ನು ಮನೆಯ ವಿಷಯ. ನನ್ನ ಅಮ್ಮ ಬೀಡಿ ಕಟ್ಟುತ್ತಿದ್ದರು. ಬೀಡಿ ಕಂಪನಿಯ ಬ್ರಾಂಚಿನಿಂದ ಎಲೆ, ಹೊಗೆಸೊಪ್ಪು ತರುವುದು, ಮಡಿಲಲ್ಲಿ ತಡ್ಪೆ (ಮೊರ) ಇಟ್ಟುಕೊಂಡು ಕಟ್ಟುವುದು, ಲೆಕ್ಕ ಮಾಡಿ ವಾಪಸು ಕೊಡುವುದು. ಕೆಲಸ ಒಳ್ಳೆಯದಿತ್ತು ಅಂತ ನಾನು ಯಾವತ್ತೂ ಹೇಳುವುದಿಲ್ಲ. ಹೊಗೆಸೊಪ್ಪಿನ ಧೂಳು, ಬೆನ್ನು ನೋವು, ಸರಿಯಿಲ್ಲ ಅಂತ ಬೀಡಿ ಎತ್ತಿ ಬದಿಗಿಟ್ಟರೆ ಅದರ ಕೂಲಿಯೂ ಇಲ್ಲ. ಅಪ್ಪ ಬೊಂಬಾಯಿಯ ಹೋಟೆಲಲ್ಲಿದ್ದರು. ಮನಿಯಾರ್ಡರು ಕೆಲವು ತಿಂಗಳು ಬರುತ್ತಿತ್ತು, ಕೆಲವು ತಿಂಗಳು ಇಲ್ಲ. ಬಾರದ ತಿಂಗಳಲ್ಲೂ ಮನೆಯಲ್ಲಿ ಕುಚ್ಚಲಕ್ಕಿ ಗಂಜಿಗೆ ಕೊರತೆ ಆಗಲಿಲ್ಲ, ಅದು ಬೀಡಿ ದುಡ್ಡು. ನನ್ನ ಎಸ್ಸೆಸ್ಸೆಲ್ಸಿ ಮುಗಿದಾಗ ಮಾವಂದಿರೆಲ್ಲ ಸೇರಿ, ಹುಡುಗಿಗೆ ಇಷ್ಟು ಓದು ಸಾಕು ಅಂದರು. ಅಮ್ಮ ಜಗಳ ಮಾಡಲಿಲ್ಲ, ಫೀಸು ನಾನು ಕಟ್ಟುತ್ತೇನೆ ಅಂದರು ಅಷ್ಟೇ. ಮಾತು ಅಲ್ಲಿಗೆ ನಿಂತಿತು. ಆ ದುಡ್ಡು ಅವರ ಕೈಯಲ್ಲಿ ಇಲ್ಲದಿದ್ದರೆ ಅವರು ಆ ಮಾತನ್ನು ಆಡಲು ಸಾಧ್ಯವೇ ಇರಲಿಲ್ಲ.

ಇದೇ ಅಮ್ಮ ಒಂದು ದಿನವೂ ಒಬ್ಬರೇ ಬದುಕಿದವರಲ್ಲ. ಇದ್ದದ್ದು ಅಜ್ಜಿಮನೆಯಲ್ಲಿ. ಅವರು ಬ್ರಾಂಚಿಗೆ ಹೋದಾಗ ನಮ್ಮನ್ನು ನೋಡಿಕೊಂಡದ್ದು ದೊಡ್ಡಮ್ಮ. ನಿಮ್ಮ ಗೆಳೆಯರ ಲೆಕ್ಕದಲ್ಲಿ ಅವರು ಸ್ವಾವಲಂಬಿ ಅಲ್ಲ. ನನ್ನ ಲೆಕ್ಕದಲ್ಲಿ ಅವರಿಗಿಂತ ಸ್ವಾವಲಂಬಿಯನ್ನು ನಾನು ಕಂಡಿಲ್ಲ.

ದೇಶಕ್ಕೂ ಇದೇ ಅನ್ವಯ. 1965, 66ರಲ್ಲಿ ಸಾಲಾಗಿ ಬರ ಬಿದ್ದಾಗ ನಾವು ಅಮೆರಿಕದ ಗೋಧಿಯ ಮೇಲೆ ನಿಂತಿದ್ದೆವು, ಪಿಎಲ್-480 ಅನ್ನುವ ಅವರ ಆಹಾರ ನೆರವಿನ ಕಾನೂನಿನ ಹೆಸರು ಕೇಳಿರುತ್ತೀರಿ. ಅಧ್ಯಕ್ಷ ಜಾನ್ಸನ್ ಒಟ್ಟಿಗೆ ಮಂಜೂರು ಮಾಡದೆ ಸ್ವಲ್ಪ ಸ್ವಲ್ಪವಾಗಿ ಹಡಗು ಬಿಡುತ್ತಿದ್ದರು. ಭಾರತ ತನ್ನ ಕೃಷಿ ನೀತಿ ಬದಲಿಸಬೇಕು, ವಿಯೆಟ್ನಾಂ ವಿಷಯದಲ್ಲಿ ತಮ್ಮನ್ನು ಟೀಕಿಸಬಾರದು ಅನ್ನುವ ಒತ್ತಡ ಅದರ ಹಿಂದೆ ಇತ್ತು. ಅದರಿಂದ ಹೊರಗೆ ಬಂದದ್ದು ಹೇಗೆ ಗೊತ್ತಾ? 1966ರಲ್ಲಿ ಮೆಕ್ಸಿಕೊದಿಂದ ಹೆಚ್ಚು ಇಳುವರಿ ಕೊಡುವ 18,000 ಟನ್ ಗೋಧಿ ಬೀಜ ತರಿಸಿ. ಸಿ. ಸುಬ್ರಮಣ್ಯಂ ಆಗ ಕೃಷಿ ಮಂತ್ರಿ, ಎಂ.ಎಸ್. ಸ್ವಾಮಿನಾಥನ್ ಮತ್ತು ಅವರ ಜೊತೆಗಿನ ವಿಜ್ಞಾನಿಗಳು ಆ ತಳಿಗಳನ್ನು ನಮ್ಮ ನೆಲಕ್ಕೆ ಹೊಂದಿಸಿದರು. ಹೊರಗಿನ ಬೀಜ ಬೇಡ ಅಂತ ಹಠ ಹಿಡಿದಿದ್ದರೆ ಹೊರಗಿನ ಗೋಧಿ ತಿನ್ನುತ್ತಲೇ ಇರಬೇಕಿತ್ತು. ಹಾಗಾಗಿ ಆಮದು ಅಂದ ಕೂಡಲೇ ಸಿಟ್ಟಾಗುವವರ ಜೊತೆ ನಾನು ಇಲ್ಲ. ಏನು ತರಿಸುತ್ತೇವೆ, ತರಿಸಿದ ಮೇಲೆ ನಮ್ಮ ಕೈಗೆ ಏನು ಬರುತ್ತದೆ ಅನ್ನುವುದನ್ನು ನೋಡಬೇಕು.

ಕಚ್ಚಾ ತೈಲದ್ದೂ ನೋಡಿ. ಬೇಕಾದುದರಲ್ಲಿ ಶೇ. 85ಕ್ಕಿಂತ ಜಾಸ್ತಿ ಹೊರಗಿನಿಂದಲೇ ಬರುತ್ತದೆ. ಕೊಲ್ಲಿ ಯುದ್ಧದಿಂದ ತೈಲ ದುಬಾರಿಯಾಗಿ, ಬೇರೆ ಕಾರಣಗಳೂ ಸೇರಿ, 1991ರಲ್ಲಿ ಸುಮಾರು 47 ಟನ್ ಚಿನ್ನವನ್ನು ಹೊರಗೆ ಅಡವಿಟ್ಟು ಡಾಲರ್ ತಂದೆವು. ಈಗ ನಿಮ್ಮ ಮಂಗಳೂರಿನಲ್ಲಿ ಮತ್ತು ನಮ್ಮ ಕಾಪು ಹತ್ತಿರದ ಪಾದೂರಿನಲ್ಲಿ ಬಂಡೆ ಕೊರೆದು ನೆಲದಡಿಯಲ್ಲಿ ತೈಲ ತುಂಬಿಡುವ ಜಾಗ ಮಾಡಿದ್ದಾರೆ. ಅಲ್ಲಿ 15 ಲಕ್ಷ ಟನ್, ಇಲ್ಲಿ 25 ಲಕ್ಷ ಟನ್. ವಿಶಾಖಪಟ್ಟಣದ್ದೂ ಸೇರಿ ಪೂರ್ತಿ ತುಂಬಿದರೆ ದೇಶಕ್ಕೆ ಸುಮಾರು ಒಂಬತ್ತೂವರೆ ದಿನಕ್ಕೆ ಸಾಕು ಅಂತ ಸರ್ಕಾರದ ಲೆಕ್ಕ. ಕಡಿಮೆಯೇ, ಇನ್ನೂ ಜಾಸ್ತಿ ಬೇಕು. ಆದರೂ ಹಡಗು ತಡವಾದರೆ ಮರುದಿನವೇ ಕೈಚಾಚಬೇಕಾಗಿಲ್ಲ.

ನೀವು ಸುರತ್ಕಲ್‌ನಲ್ಲೇ ಇರಿ. ಮನೆ ಖರ್ಚಿಗೆ ನಿಮ್ಮ ಪಾಲು ತಿಂಗಳು ತಿಂಗಳು ಕೊಡಿ, ಕೇಳುವ ತನಕ ಕಾಯಬೇಡಿ. ಕೆಲಸ ಹೋದರೂ ಆರು ತಿಂಗಳು ನಡೆಯುವಷ್ಟು ದುಡ್ಡು ಬೇರೆ ಇಡಿ, ಆಗ ಆಫೀಸಿನಲ್ಲಿ ತಪ್ಪು ಕೆಲಸ ಹೇಳಿದರೆ ಆಗುವುದಿಲ್ಲ ಅನ್ನುವ ಧೈರ್ಯ ತಾನಾಗಿ ಬರುತ್ತದೆ. ಅನ್ನ, ಸಾರು, ಒಂದು ಪಲ್ಯ ಮಾಡಲು ಕಲಿಯಿರಿ. ಮತ್ತೆ ಒಂದು ವಿಷಯ ನೀವು ಕೇಳಲಿಲ್ಲ, ನಾನೇ ಕೇಳುತ್ತೇನೆ: ನಿಮ್ಮ ಅಮ್ಮನಿಗೆ ಸ್ವಂತ ಖಾತೆ ಉಂಟಾ? ಎಟಿಎಂ ಕಾರ್ಡು ಅವರ ಕೈಯಲ್ಲೇ ಇದೆಯಾ, ಪಿನ್ ಅವರಿಗೇ ಗೊತ್ತಾ? ಇಲ್ಲದಿದ್ದರೆ ಈ ವಾರವೇ ಬ್ಯಾಂಕಿಗೆ ಕರೆದುಕೊಂಡು ಹೋಗಿ ಮಾಡಿಸಿ.