ಹಾಡದ ಮಕ್ಕಳು, ಹಾಡು ಬರೆದ ಕವಿ

ಮೇಷ್ಟ್ರಿಗೆ ನಮಸ್ಕಾರ.

ದಾವಣಗೆರೆಯಿಂದ ನೀವು ಬರೆದ ಉದ್ದದ ಪತ್ರ ತಲುಪಿದೆ. ದೇಶವನ್ನು ಪ್ರೀತಿಸುವುದು ಬೇರೆ, ಆ ಪ್ರೀತಿಗೆ ಸಿಕ್ಕವರ ಹತ್ತಿರ ಪುರಾವೆ ಕೇಳುತ್ತ ತಿರುಗುವುದು ಬೇರೆ ಎಂದು ಹೋದ ಸಂಚಿಕೆಯ ಲೇಖನವೊಂದು ಹೇಳಿತ್ತು. ಅದು ನಿಮಗೆ ಸರಿ ಕಂಡಿಲ್ಲ. “ಇದೆಲ್ಲ ಜಾಸ್ತಿ ಓದಿದವರು ಕೂದಲು ಸೀಳುವ ಕೆಲಸ. ಪ್ರೀತಿ ಇದ್ದವನಿಗೆ ತೋರಿಸೋಕೆ ಏನು ಕಷ್ಟ? ಒಂದು ನಿಮಿಷ ಹಾಡಿದರೆ ಬಾಯಿ ನೋಯುತ್ತಾ?” ಎಂದು ಕೇಳಿದ್ದೀರಿ. ಎಲ್ಲರೂ ಅವರವರ ಇಷ್ಟದಂತೆ ನಡೆದರೆ ದೇಶ ಒಟ್ಟಿಗೆ ಉಳಿಯುವುದು ಹೇಗೆ ಎಂಬುದು ನಿಮ್ಮ ಆತಂಕ. ಲೇಖನವನ್ನು ಹಿಂದಕ್ಕೆ ತೆಗೆದುಕೊಳ್ಳಿ ಎಂದೂ ಹೇಳಿದ್ದೀರಿ.

ಹೈಸ್ಕೂಲಿನಲ್ಲಿ ಮಕ್ಕಳನ್ನು ಬೆಳಗಿನ ಪ್ರಾರ್ಥನೆಗೆ ಸಾಲಾಗಿ ನಿಲ್ಲಿಸಿದವರು ನೀವು. ಹಾಗಾಗಿ ಶಾಲೆಯಿಂದಲೇ ಶುರು ಮಾಡುತ್ತೇನೆ.

1985ರ ಜುಲೈ. ಕೇರಳದ ಒಂದು ಶಾಲೆಯಲ್ಲಿ ಒಂದೇ ಮನೆಯ ಮೂವರು ಮಕ್ಕಳು ಓದುತ್ತಿದ್ದರು. ಒಬ್ಬರು ಹತ್ತನೇ ತರಗತಿ, ಒಬ್ಬರು ಒಂಬತ್ತು, ಚಿಕ್ಕದು ಐದನೇ ತರಗತಿ. ಜನಗಣಮನ ಶುರುವಾದರೆ ಎಲ್ಲರ ಜೊತೆ ನೆಟ್ಟಗೆ ನಿಲ್ಲುತ್ತಿದ್ದರು. ಆದರೆ ಹಾಡುತ್ತಿರಲಿಲ್ಲ. ಅವರು ಯೆಹೋವನ ಸಾಕ್ಷಿಗಳು ಎಂಬ ಪಂಗಡದವರು. ತಮ್ಮ ದೇವರನ್ನು ಬಿಟ್ಟು ಬೇರೆ ಯಾವುದನ್ನೂ ಹಾಡಿ ಕೊಂಡಾಡಬಾರದು ಎಂಬುದು ಅವರ ನಂಬಿಕೆ. ಈ ಪಂಗಡದವರು ಯಾವ ದೇಶದಲ್ಲೇ ಇರಲಿ, ಅಲ್ಲಿನ ರಾಷ್ಟ್ರಗೀತೆಯನ್ನೂ ಹಾಡುವುದಿಲ್ಲ. ಶಾಲೆಯಲ್ಲಿ ಇದು ಯಾರಿಗೂ ತೊಂದರೆ ಅನ್ನಿಸಿರಲಿಲ್ಲ. ಒಂದು ದಿನ ಶಾಸಕರೊಬ್ಬರ ಕಣ್ಣಿಗೆ ಬಿತ್ತು. ವಿಧಾನಸಭೆಯಲ್ಲಿ ಪ್ರಶ್ನೆ ಎದ್ದಿತು, ವಿಚಾರಣೆಗೆ ಆಯೋಗ ಬಂತು. ಮಕ್ಕಳು ಕಾನೂನು ಮೀರುವವರಲ್ಲ, ಗೀತೆಗೆ ಅಗೌರವ ತೋರಿಲ್ಲ ಎಂದೇ ಆಯೋಗ ವರದಿ ಕೊಟ್ಟಿತು. ಆದರೂ ಜುಲೈ 26ರಂದು ಮೂವರನ್ನೂ ಶಾಲೆಯಿಂದ ಹೊರಗೆ ಹಾಕಿದರು.

ಹೈಕೋರ್ಟಿನಲ್ಲಿ ಅವರಿಗೆ ನ್ಯಾಯ ಸಿಗಲಿಲ್ಲ. 1986ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟು ಮಕ್ಕಳನ್ನು ವಾಪಸ್ ಸೇರಿಸಿಕೊಳ್ಳಿ ಎಂದಿತು. ಹಾಡಲೇಬೇಕು ಅಂತ ಯಾವ ಕಾನೂನೂ ಇಲ್ಲ, ಗೌರವದಿಂದ ಎದ್ದು ನಿಂತವರು ಅವಮಾನ ಮಾಡಿದಂತಾಗುವುದಿಲ್ಲ ಎಂದಿತು. ರಾಷ್ಟ್ರಗೌರವಕ್ಕೆ ಅವಮಾನ ಮಾಡುವುದನ್ನು ತಡೆಯುವ 1971ರ ಕಾನೂನು ಶಿಕ್ಷೆ ಕೊಡುವುದು ಹಾಡುವವರನ್ನು ತಡೆಯುವವರಿಗೆ, ಹಾಡುವ ಸಭೆಗೆ ತೊಂದರೆ ಕೊಡುವವರಿಗೆ. ನ್ಯಾಯಮೂರ್ತಿ ಒ. ಚಿನ್ನಪ್ಪ ರೆಡ್ಡಿಯವರ ತೀರ್ಪಿನ ಕೊನೆ ಹೀಗಿದೆ: ನಮ್ಮ ಪರಂಪರೆ ಸಹನೆಯನ್ನು ಕಲಿಸುತ್ತದೆ, ನಮ್ಮ ತತ್ವಗಳು ಸಹನೆಯನ್ನು ಬೋಧಿಸುತ್ತವೆ, ನಮ್ಮ ಸಂವಿಧಾನ ಸಹನೆಯನ್ನು ನಡೆಸಿ ತೋರಿಸುತ್ತದೆ, ಅದನ್ನು ನಾವು ತೆಳುವಾಗಿಸುವುದು ಬೇಡ.

ಮೇಷ್ಟ್ರೇ, ಆ ಐದನೇ ತರಗತಿಯ ಮಗುವಿಗೆ ಚೀಲ ಹೊರಿಸಿ ಮನೆಗೆ ಕಳಿಸಿದ ದಿನ ಭಾರತಕ್ಕೆ ಏನು ಲಾಭವಾಯಿತು? ನಿಮ್ಮ ಕ್ಲಾಸಿನಲ್ಲಿ ಅಂಥ ಮಗು ಇದ್ದಿದ್ದರೆ ನೀವು ಹೊರಗೆ ಕಳಿಸುತ್ತಿದ್ದಿರಾ? ನಿಮ್ಮ ಪತ್ರ ಓದಿದರೆ ನನಗೆ ಹಾಗನ್ನಿಸುವುದಿಲ್ಲ.

ಪುರಾವೆ ಕೇಳುವುದು ಒಮ್ಮೆ ಶುರುವಾದರೆ ಎಲ್ಲಿ ನಿಲ್ಲಬೇಕು ಅಂತ ಕೇಳುವವರಿಗೂ ಗೊತ್ತಾಗುವುದಿಲ್ಲ. 2016ರಲ್ಲಿ ಪಣಜಿಯ ಸಿನಿಮಾ ಟಾಕೀಸಿನಲ್ಲಿ ರಾಷ್ಟ್ರಗೀತೆಗೆ ಎದ್ದು ನಿಲ್ಲಲಿಲ್ಲ ಎಂದು ಒಬ್ಬರಿಗೆ ಹಿಂದಿನಿಂದ ಏಟು ಬಿತ್ತು. ಅವರಿಗೆ ಬೆನ್ನುಹುರಿಗೆ ಪೆಟ್ಟಾಗಿತ್ತು. ಗಾಲಿಕುರ್ಚಿಯಲ್ಲೇ ಓಡಾಡುವ ಅವರು ಎದ್ದು ನಿಲ್ಲುವ ಹಾಗೇ ಇರಲಿಲ್ಲ. ಹೊಡೆದವರು ಕಾರಣ ಕೇಳುವಷ್ಟೂ ತಡೆಯಲಿಲ್ಲ. ಅದೇ ವರ್ಷ ನವೆಂಬರ್ 30ರಂದು ಟಾಕೀಸುಗಳಲ್ಲಿ ಗೀತೆ ಕಡ್ಡಾಯ ಎಂದಿದ್ದ ಸುಪ್ರೀಂ ಕೋರ್ಟೇ 2018ರ ಜನವರಿಯಲ್ಲಿ ಆ ಕಡ್ಡಾಯವನ್ನು ತೆಗೆಯಿತು.

ಇನ್ನು ನಿಮ್ಮ ಕೋಪದ ಮಾತು. “ಇಂಥದ್ದನ್ನು ಬರೆಯುವವರಿಗೆ ದೇಶದ ಮೇಲೆ ಪ್ರೀತಿಯೇ ಇಲ್ಲ” ಎಂದಿದ್ದೀರಿ. ಜನಗಣಮನ ಬರೆದ ರವೀಂದ್ರನಾಥ ಠಾಕೂರರನ್ನೇ ತೆಗೆದುಕೊಳ್ಳಿ. 1905ರಲ್ಲಿ ಬಂಗಾಳವನ್ನು ಇಬ್ಭಾಗ ಮಾಡಿದಾಗ ಅವರು ಕಲ್ಕತ್ತೆಯ ಬೀದಿಗಿಳಿದು ಹಿಂದೂ ಮುಸ್ಲಿಮರ ಕೈಗೆ ರಾಖಿ ಕಟ್ಟಿಸಿದರು. ಸ್ವದೇಶಿ ಚಳವಳಿಗೆ ಹಾಡುಗಳನ್ನು ಬರೆದುಕೊಟ್ಟರು. ಆಮೇಲೆ ಅದೇ ಚಳವಳಿಯಿಂದ ಹಿಂದೆ ಸರಿದರು. ಯಾಕೆ? ಜಮೀನ್ದಾರಿ ನೋಡಿಕೊಳ್ಳುತ್ತಿದ್ದ ಅವರಿಗೆ ಬಡ ರೈತರ ಸ್ಥಿತಿ ಗೊತ್ತಿತ್ತು. ವಿದೇಶಿ ಬಟ್ಟೆ ಅಗ್ಗ, ಸ್ವದೇಶಿ ದುಬಾರಿ. ಕೊಳ್ಳಲು ಕೈಯಲ್ಲಿ ಕಾಸಿಲ್ಲದವನ ಮೇಲೆ ದೇಶದ ಹೆಸರಿನಲ್ಲಿ ಬಲವಂತ ಮಾಡುವುದನ್ನು ಅವರು ಒಪ್ಪಲಿಲ್ಲ. ಜಲಿಯನ್‌ವಾಲಾ ಬಾಗ್ ಹತ್ಯಾಕಾಂಡದ ನಂತರ, 1919ರಲ್ಲಿ, ಬ್ರಿಟಿಷರು ಕೊಟ್ಟ ಸರ್ ಪದವಿಯನ್ನು ವಾಪಸ್ ಮಾಡಿದವರೂ ಇವರೇ. ಇವರಿಗೆ ದೇಶದ ಮೇಲೆ ಪ್ರೀತಿ ಇರಲಿಲ್ಲ ಅನ್ನೋಕಾಗುತ್ತಾ?

1916ರಲ್ಲಿ ಜಪಾನಿಗೆ ಹೋದಾಗ ಠಾಕೂರರು ಅಲ್ಲಿನವರ ಮುಂದೆಯೇ ರಾಷ್ಟ್ರೀಯತೆಯ ಅಮಲಿನ ವಿರುದ್ಧ ಮಾತಾಡಿದರು. ಏಷ್ಯಾದ ಹೆಮ್ಮೆ ಎನ್ನಿಸಿಕೊಂಡಿದ್ದ ಜಪಾನಿನ ಮೇಲೆ ಅವರಿಗೆ ತುಂಬ ಅಕ್ಕರೆ ಇತ್ತು. 1938ರಲ್ಲಿ ಜಪಾನಿನ ಕವಿ ಯೋನೆ ನೊಗುಚಿ ಠಾಕೂರರಿಗೆ ಕಾಗದ ಬರೆದು, ಚೀನಾದ ಮೇಲಿನ ತಮ್ಮ ದೇಶದ ಯುದ್ಧವನ್ನು ಸಮರ್ಥಿಸಿಕೊಂಡರು. ಏಷ್ಯಾ ಏಷ್ಯಾದವರದ್ದಾಗಲು ಇದು ಬೇಕು ಎಂದರು. ಠಾಕೂರರ ಉತ್ತರ ಕಠಿಣವಾಗಿತ್ತು. ನಾನು ಪ್ರೀತಿಸುವ ನಿಮ್ಮ ಜನಕ್ಕೆ ನಾನು ಬಯಸುವುದು ಗೆಲುವನ್ನಲ್ಲ, ಪಶ್ಚಾತ್ತಾಪವನ್ನು ಎಂದು ಕೊನೆಗೆ ಬರೆದರು. ಒಂದು ಜನವನ್ನು ಪ್ರೀತಿಸುವವನು ಹೀಗೂ ಹಾರೈಸಬಹುದು ಎಂಬುದು ನನ್ನನ್ನು ಬಹಳ ಕಾಡಿದೆ. ನೊಗುಚಿಯವರಿಗೂ ದೇಶಪ್ರೇಮ ಇತ್ತು. ಆದರೆ ಅದು ತನ್ನ ದೇಶ ಮಾಡಿದ್ದೆಲ್ಲ ಸರಿ ಎನ್ನುವಲ್ಲಿಗೆ ಅವರನ್ನು ತಂದು ನಿಲ್ಲಿಸಿತ್ತು. ನಮ್ಮ ಲೇಖನ ಕೂದಲು ಸೀಳಿದ್ದಲ್ಲ ಮೇಷ್ಟ್ರೇ, ಈ ವ್ಯತ್ಯಾಸವನ್ನೇ ಹೇಳಿದ್ದು.

ಹಾಗಂತ ಎಲ್ಲದರಲ್ಲೂ ನಾನು ಠಾಕೂರರ ಕಡೆ ಇಲ್ಲ. 1921ರಲ್ಲಿ ಚರಕ, ಅಸಹಕಾರದ ಬಗ್ಗೆ ಅವರು ಆಕ್ಷೇಪ ಎತ್ತಿದಾಗ ಗಾಂಧೀಜಿ ‘ಯಂಗ್ ಇಂಡಿಯಾ’ದಲ್ಲಿ ಉತ್ತರ ಕೊಟ್ಟರು. ಠಾಕೂರರನ್ನು ಅವರು ದೇಶದ್ರೋಹಿ ಎನ್ನಲಿಲ್ಲ, ದೊಡ್ಡ ಕಾವಲುಗಾರ ಎಂದು ಕರೆದರು. ಆಮೇಲೆ ಹೇಳಬೇಕಾದ್ದನ್ನು ಗಟ್ಟಿಯಾಗಿಯೇ ಹೇಳಿದರು: ಹಸಿದು, ಕೆಲಸವಿಲ್ಲದೆ ಕೂತ ಜನಕ್ಕೆ ದೇವರು ಕಾಣಿಸಿಕೊಳ್ಳಬೇಕಾದರೆ ಕೆಲಸವಾಗಿ, ಕೂಲಿಯ ಅನ್ನವಾಗಿ ಬರಬೇಕು. ಇಲ್ಲಿ ಗಾಂಧಿಯದೇ ಸರಿ. ಜನರನ್ನು ಒಂದುಗೂಡಿಸುವ ಭಾವನೆ ಇಲ್ಲದಿದ್ದರೆ ಸ್ವಾತಂತ್ರ್ಯವೇ ಬರುತ್ತಿರಲಿಲ್ಲ. ನಿಮ್ಮ ಆತಂಕಕ್ಕೆ ಬೆಲೆ ಇದೆ.

ಆ ಭಾವನೆ ನಮ್ಮ ಹಳ್ಳಿಗಳಿಗೆ ಬಂದದ್ದು ಹೇಗೆ? 1938ರ ಏಪ್ರಿಲ್‌ನಲ್ಲಿ ಮೈಸೂರು ಸಂಸ್ಥಾನದಲ್ಲಿ ಕಾಂಗ್ರೆಸ್ ಬಾವುಟ ಹಾರಿಸುವಂತಿರಲಿಲ್ಲ. ಏಪ್ರಿಲ್ 11ರಂದು ಮದ್ದೂರಿನ ಹತ್ತಿರ ಶಿವಪುರದಲ್ಲಿ ಟಿ. ಸಿದ್ದಲಿಂಗಯ್ಯನವರು ನಿಷೇಧ ಮುರಿದು ಬಾವುಟ ಏರಿಸಿದರು. 25ರಂದು ಗೌರಿಬಿದನೂರಿನ ಹತ್ತಿರ ವಿದುರಾಶ್ವತ್ಥದಲ್ಲಿ ಸೇರಿದ್ದ ಜನರ ಮೇಲೆ ಪೊಲೀಸರು ಗುಂಡು ಹಾರಿಸಿದರು. ಹಳ್ಳಿಯ ಜನ ಸತ್ತರು. ಆಗಿನ ಸರ್ಕಾರದ ಕಣ್ಣಿನಲ್ಲಿ ನಿಷ್ಠೆ ಇಲ್ಲದವರು ಅವರೇ, ತ್ರಿವರ್ಣ ಹಿಡಿದವರು! ಜೀವ ಹೋದ ಮೇಲೆ ದಿವಾನ್ ಮಿರ್ಜಾ ಇಸ್ಮಾಯಿಲ್ ಮತ್ತು ಸರ್ದಾರ್ ಪಟೇಲರ ನಡುವೆ ಒಪ್ಪಂದವಾಗಿ, ಸಂಸ್ಥಾನದ ಬಾವುಟದ ಜೊತೆ ಕಾಂಗ್ರೆಸ್ ಬಾವುಟಕ್ಕೂ ಜಾಗ ಸಿಕ್ಕಿತು. ಎರಡು ಬಾವುಟ ಒಟ್ಟಿಗೆ ಹಾರಿದ್ದಕ್ಕೆ ಮೈಸೂರು ಒಡೆದುಹೋಗಲಿಲ್ಲ. ಇವತ್ತು ದೇಶಪ್ರೇಮ ಅಂದಾಗ ಶಿವಪುರ, ವಿದುರಾಶ್ವತ್ಥವನ್ನು ನೆನೆಯುತ್ತೇವೆ, ಅಲ್ವಾ? ಅಲ್ಲಿ ಸೇರಿದವರಿಗೆ ಯಾರೂ ಪುರಾವೆ ಕೊಡಿ ಅಂದಿರಲಿಲ್ಲ.

ಹುಬ್ಬಳ್ಳಿಯ ಬೆಂಗೇರಿಯ ವಿಷಯವನ್ನೂ ಹೇಳಬೇಕು. ಅಲ್ಲಿನ ಕರ್ನಾಟಕ ಖಾದಿ ಗ್ರಾಮೋದ್ಯೋಗ ಸಂಯುಕ್ತ ಸಂಘದಲ್ಲಿ ಅಧಿಕೃತ ರಾಷ್ಟ್ರಧ್ವಜ ತಯಾರಾಗುತ್ತದೆ. ಬಾಗಲಕೋಟೆ ಜಿಲ್ಲೆಯ ತುಳಸಿಗೇರಿಯಲ್ಲಿ ಕೈಮಗ್ಗದ ಖಾದಿ ನೇಯುತ್ತಾರೆ. ಅದಕ್ಕೆ ಬಣ್ಣ ಹಾಕಿ, ಅಳತೆಗೆ ಕತ್ತರಿಸಿ, ಬಿಳಿ ಪಟ್ಟಿಗೆ ಚಕ್ರ ಅಚ್ಚು ಮಾಡಿ, ಮೂರು ಪಟ್ಟಿ ಸೇರಿಸಿ ಹೊಲಿಯುತ್ತಾರೆ. ಬಟ್ಟೆಯ ಎರಡೂ ಬದಿಯ ಚಕ್ರ ಒಂದರ ಬೆನ್ನಿಗೊಂದು ಸರಿಯಾಗಿ ಕೂರಬೇಕು, 24 ಗೆರೆಯೂ ಹೊಂದಬೇಕು. ದಾರದ ದಪ್ಪ, ಬಣ್ಣದ ಗಟ್ಟಿತನ, ಹೊಲಿಗೆ ಎಲ್ಲಕ್ಕೂ ಪರೀಕ್ಷೆ ಇದೆ. ಸರಿ ಬರದಿದ್ದರೆ ಬಾವುಟ ವಾಪಸ್. ಇಲ್ಲಿ ದುಡಿಯುವವರು ಹೆಚ್ಚಿನವರು ಹೆಂಗಸರು. 2021ರ ಡಿಸೆಂಬರ್ 30ರಂದು ಧ್ವಜ ಸಂಹಿತೆಗೆ ತಿದ್ದುಪಡಿಯಾಗಿ ಪಾಲಿಯೆಸ್ಟರ್ ಬಾವುಟಕ್ಕೂ, ಯಂತ್ರದಲ್ಲಿ ಮಾಡಿದ್ದಕ್ಕೂ ಒಪ್ಪಿಗೆ ಸಿಕ್ಕಿತು. ಬೆಂಗೇರಿಯಲ್ಲಿ ವಿರೋಧ ಎದ್ದಿತು. ಮನೆಮನೆಯ ಮೇಲೆ ಬಾವುಟ ಹಾರುವುದು ನನಗೂ ಸಂತೋಷವೇ. ಆದರೆ ಅದನ್ನು ಹೊಲಿಯುವ ಕೈಗೆ ಕೆಲಸ ಇದೆಯೋ ಇಲ್ಲವೋ ಎಂದು ಕೇಳಿದವರೆಷ್ಟು ಜನ? ಹಾಗೆ ಕೇಳುವುದೂ ದೇಶಪ್ರೇಮವೇ, ನನ್ನ ಲೆಕ್ಕದಲ್ಲಿ ಅದರ ತೂಕ ಜಾಸ್ತಿ.

ದೇಶ ಒಟ್ಟಿಗೆ ಉಳಿಯುವುದು ಹೇಗೆ ಎಂದಿರಿ. ಕೇರಳದ ಆ ಮಕ್ಕಳು ಈ ದೇಶದ ಕೋರ್ಟಿಗೆ ಹೋಗಿ, ನಾವು ಹಾಡುವುದಿಲ್ಲ, ಆದರೂ ನಾವು ಇಲ್ಲಿಯವರು ಎಂದರು. ಕೋರ್ಟು ಹೌದು ಎಂದಿತು. ಇಂಥ ದೇಶವನ್ನು ಬಿಟ್ಟು ಹೋಗಬೇಕು ಅಂತ ಯಾರಿಗೆ ಅನ್ನಿಸುತ್ತದೆ?

ಸೋಮಾರಿತನಕ್ಕೋ ತಮಾಷೆಗೋ ಹಾಡದೆ ಗಲಾಟೆ ಮಾಡುವ ಹುಡುಗರ ಬಗ್ಗೆಯೂ ಕೇಳಿದ್ದೀರಿ. ಅವರನ್ನು ಪಕ್ಕಕ್ಕೆ ಕರೆದು ಬೈಯಿರಿ. ಅದು ಮೇಷ್ಟ್ರ ಕೆಲಸ, ಪೊಲೀಸರದ್ದಲ್ಲ, ಶಾಸಕರದ್ದೂ ಅಲ್ಲ. ಬೈದ ಮೇಲೆ ಹಾಡಿನ ಅರ್ಥ ಹೇಳಿಕೊಡಿ. ಸುಮ್ನೆ ಬಾಯಿಪಾಠ ಮಾಡಿ ಬಿಟ್ಟ ಮಕ್ಕಳೇ ಜಾಸ್ತಿ.

ಲೇಖನವನ್ನು ನಾವು ಹಿಂದಕ್ಕೆ ತೆಗೆದುಕೊಳ್ಳುವುದಿಲ್ಲ. ನಿಮ್ಮ ಪತ್ರವನ್ನು ಒಂದು ಸಾಲೂ ಕತ್ತರಿಸದೆ ಈ ಸಂಚಿಕೆಯಲ್ಲೇ ಹಾಕಿದ್ದೇವೆ. ಇದಕ್ಕೂ ನಿಮ್ಮ ತಕರಾರು ಇದ್ದರೆ ಖಂಡಿತ ಬರೆಯಿರಿ, ಅದನ್ನೂ ಹಾಕುತ್ತೇವೆ.

– ಸಂಪಾದಕ